ಅಡಿಕೆ ಲಾರಿ ರಾಜ್ಯ ದಾಟಿ ಮಾಯವಾದರೆ ಕೇಸು ಯಾರದ್ದು?

ಶಿವಮೊಗ್ಗದ ಮಂಡಿಯಲ್ಲಿ ರಾಶಿ ಅಡಿಕೆ ಲೋಡ್ ಆಗುತ್ತದೆ. ಲಾರಿ ಅಹಮದಾಬಾದಿಗೋ ನಾಗಪುರಕ್ಕೋ ಹೊರಡುತ್ತದೆ. ಮೊದಲ ದಿನ ಡ್ರೈವರ್ ಫೋನ್ ತೆಗೆಯುತ್ತಾನೆ. ಆಮೇಲೆ ಸ್ವಿಚ್ ಆಫ್. ಖರೀದಿ ಮಾಡಿದವನು ‘ಮಾಲು ಬಂದೇ ಇಲ್ಲ’ ಅನ್ನುತ್ತಾನೆ. ಟ್ರಾನ್ಸ್‌ಪೋರ್ಟ್ ಏಜೆಂಟ್ ‘ಗಾಡಿ ನಮ್ಮದಲ್ಲ, ಹೊರಗಿಂದ ಹಿಡಿದು ಕೊಟ್ಟಿದ್ದು’ ಅಂತ ಕೈ ತೊಳೆದುಕೊಳ್ಳುತ್ತಾನೆ. ದೊಡ್ಡ ಲಾರಿಯ ಒಂದು ಲೋಡಿಗೆ ಕೋಟಿ ರೂಪಾಯಿ ಮುಟ್ಟುವ ಕಾಲ ಇದು. ಹೀಗೆ ಕೈ ಸುಟ್ಟುಕೊಂಡ ವ್ಯಾಪಾರಿಗಳು ನನ್ನ ವಕೀಲಿ ಆಫೀಸಿಗೆ ಬಂದು ಕೂತರೆ ಹೆಚ್ಚಿನವರ ಬಾಯಲ್ಲಿ ಮೊದಲು ಬರುವ ಮಾತು ಒಂದೇ: ‘ಸಾರ್, ಮೂರು ರಾಜ್ಯ ದಾಟಿದೆ. ನಮ್ಮ ಎಸ್‌ಐ ಕೈಲಿ ಇದು ಆಗಲ್ಲ. ಸಿಬಿಐಗೆ ಕೊಡ್ಸೋಕೆ ಏನಾದ್ರೂ ದಾರಿ ಇದೆಯಾ?’

ದಾರಿ ಹುಡುಕಬಹುದು. ಆದರೆ ಈ ಕೇಸಿಗೆ ಅದರ ಅಗತ್ಯವೇ ಇಲ್ಲ. ಸಿಬಿಐ ಹುಡುಕುತ್ತಾ ಬೆಂಗಳೂರಿಗೆ ಓಡಾಡುವ ವಾರದಲ್ಲಿ ಅಡಿಕೆ ಚೀಲ ಬದಲಾಗಿ, ಬೇರೆ ಹೆಸರಲ್ಲಿ ಮಾರಾಟವೂ ಆಗಿರುತ್ತದೆ. ನಮ್ಮ ಠಾಣೆಯ ಎಸ್‌ಐಗೆ ದೇಶದ ಯಾವ ಮೂಲೆಗೆ ಬೇಕಾದರೂ ಹೋಗಿ ಆರೋಪಿಯನ್ನು ಹಿಡಿಯುವ ಅಧಿಕಾರ ಇದೆ. ಇದನ್ನು ಹೇಳಿದಾಗ ಎಷ್ಟೋ ಜನ ನಂಬುವುದೇ ಇಲ್ಲ.

ಸಂವಿಧಾನದ ಏಳನೇ ಅನುಸೂಚಿಯಲ್ಲಿ ಪೊಲೀಸ್ ಅನ್ನುವುದು ರಾಜ್ಯ ಪಟ್ಟಿಯಲ್ಲಿದೆ. ಒಂದು ರಾಜ್ಯದ ಪೊಲೀಸರ ಅಧಿಕಾರವನ್ನು ಇನ್ನೊಂದು ರಾಜ್ಯಕ್ಕೆ ವಿಸ್ತರಿಸಬೇಕಾದರೆ ಆ ರಾಜ್ಯ ಒಪ್ಪಬೇಕು ಎಂದು ಕೇಂದ್ರ ಪಟ್ಟಿಯ 80ನೇ ನಮೂದು ಹೇಳುತ್ತದೆ. ಇಷ್ಟು ಓದಿದವರಿಗೆ ‘ಹಾಗಾದರೆ ನಮ್ಮ ಪೊಲೀಸರು ಗಡಿಯಲ್ಲೇ ನಿಲ್ಲಬೇಕಲ್ಲ’ ಅನ್ನಿಸುವುದು ಸಹಜ. ನಿಲ್ಲಬೇಕಾಗಿಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 45ನೇ ಕಲಂ ನೋಡಿ. ವಾರಂಟ್ ಇಲ್ಲದೆ ಬಂಧಿಸಬಹುದಾದ ವ್ಯಕ್ತಿಯನ್ನು ಪೊಲೀಸ್ ಅಧಿಕಾರಿ ಭಾರತದ ಯಾವ ಜಾಗಕ್ಕಾದರೂ ಬೆನ್ನಟ್ಟಿ ಹೋಗಿ ಬಂಧಿಸಬಹುದು. ಇದಕ್ಕೂ ಮೊದಲಿದ್ದ ದಂಡ ಪ್ರಕ್ರಿಯಾ ಸಂಹಿತೆ, ಅಂದರೆ ಸಿಆರ್‌ಪಿಸಿಯಲ್ಲಿ ಇದೇ ಮಾತು 48ನೇ ಕಲಂನಲ್ಲಿತ್ತು. ಹೊಸದೇನಲ್ಲ.

ಇನ್ನು ಲಾರಿ ಕೇಸು ಎಲ್ಲಿ ನಡೆಯಬೇಕು? ಮಾಲು ಮಾಯವಾಗಿದ್ದು ಮಹಾರಾಷ್ಟ್ರದಲ್ಲಿ ಇರಬಹುದು, ಗುಜರಾತಿನಲ್ಲೂ ಇರಬಹುದು. ಯಾರಿಗೆ ಗೊತ್ತು? ಕಾನೂನು ಇಲ್ಲಿ ವ್ಯಾಪಾರಿಯ ಕಡೆಗೇ ಇದೆ. ನಂಬಿಕೆ ದ್ರೋಹದ ಪ್ರಕರಣವನ್ನು ಅಪರಾಧ ನಡೆದ ಜಾಗದಲ್ಲಷ್ಟೇ ಅಲ್ಲ, ಆರೋಪಿ ಆ ಮಾಲನ್ನು ಪಡೆದುಕೊಂಡ ಜಾಗದಲ್ಲೂ, ಲೆಕ್ಕ ಒಪ್ಪಿಸಬೇಕಾಗಿದ್ದ ಜಾಗದಲ್ಲೂ ವಿಚಾರಣೆ ಮಾಡಬಹುದು. ಸಂಹಿತೆಯ 201ನೇ ಕಲಂನ ನಾಲ್ಕನೇ ಉಪಕಲಂ ಇದು. ಡ್ರೈವರ್ ಚೀಲಗಳನ್ನು ಎಣಿಸಿ ಸಹಿ ಹಾಕಿ ತೆಗೆದುಕೊಂಡಿದ್ದು ಎಲ್ಲಿ? ಶಿವಮೊಗ್ಗದ ಎಪಿಎಂಸಿ ಯಾರ್ಡಿನಲ್ಲಿ. ಹಾಗಾಗಿ ಶಿವಮೊಗ್ಗದ ಠಾಣೆಗೆ, ಶಿವಮೊಗ್ಗದ ಕೋರ್ಟಿಗೆ ಪೂರ್ತಿ ಅಧಿಕಾರ ಇದೆ. ಸಾಗಣೆದಾರ ಮಾಡುವ ನಂಬಿಕೆ ದ್ರೋಹಕ್ಕೆ ಭಾರತೀಯ ನ್ಯಾಯ ಸಂಹಿತೆಯ 316(3) ಕಲಂನಲ್ಲಿ 7 ವರ್ಷದವರೆಗೆ ಶಿಕ್ಷೆ ಇದೆ.

‘ಇದು ನಮ್ಮ ಲಿಮಿಟ್ಸ್ ಅಲ್ಲ’ ಎಂದು ಯಾರಾದರೂ ವಾಪಸ್ ಕಳಿಸಿದರೆ ಜಗಳ ಆಡಬೇಡಿ. ಅಪರಾಧ ಎಲ್ಲೇ ನಡೆದಿರಲಿ, ಮಾಹಿತಿ ಬರೆದುಕೊಳ್ಳಲೇಬೇಕು ಎಂದು ನಾಗರಿಕ ಸುರಕ್ಷಾ ಸಂಹಿತೆಯ 173ನೇ ಕಲಂ ಹೇಳುತ್ತದೆ. ಝೀರೋ ಎಫ್‌ಐಆರ್ ಅನ್ನುವುದು ಇದಕ್ಕೇ. ಆಗಲೂ ಬರೆದುಕೊಳ್ಳದಿದ್ದರೆ ದೂರನ್ನು ಎಸ್‌ಪಿಗೆ ಅಂಚೆಯಲ್ಲಿ ಕಳಿಸಿ, ಆಮೇಲೆ ಮ್ಯಾಜಿಸ್ಟ್ರೇಟ್ ಮುಂದೆ ಹೋಗಿ. ದೂರಿನ ಜೊತೆ ಎಲ್‌ಆರ್ (ಲಾರಿಗೆ ಮಾಲು ಒಪ್ಪಿಸಿದ ರಸೀದಿ), ಇ-ವೇ ಬಿಲ್, ತೂಕದ ಚೀಟಿ, ಡ್ರೈವರ್ ಲೈಸೆನ್ಸಿನ ಫೋಟೊ ಇರಲಿ. ಲೋಡ್ ಮಾಡುವಾಗ ಲಾರಿಯ ನಂಬರ್ ಪ್ಲೇಟನ್ನು ಮೊಬೈಲಲ್ಲಿ ಫೋಟೊ ತೆಗೆದಿಟ್ಟ ವ್ಯಾಪಾರಿಗೆ ನಾನು ಮನಸ್ಸಲ್ಲೇ ಕೈ ಮುಗಿಯುತ್ತೇನೆ. ಆ ನಂಬರ್ ನಕಲಿಯಾಗಿದ್ದರೂ ಟೋಲ್‌ಗಳ ಕ್ಯಾಮೆರಾದಲ್ಲಿ ಗಾಡಿ ಎಲ್ಲಿಯವರೆಗೆ ಹೋಯಿತು ಎಂದು ಹಿಡಿಯಬಹುದು.

ಈಗ ಕಷ್ಟದ ಭಾಗಕ್ಕೆ ಬರೋಣ. ಅಧಿಕಾರ ಇದ್ದರೆ ಸಾಲದು, ಅದನ್ನು ಬಳಸಿದ ಗುರುತು ಕಾಗದದ ಮೇಲೆ ಇರಬೇಕು. ಹೊರರಾಜ್ಯದ ಬಂಧನ ಕೋರ್ಟಿನಲ್ಲಿ ಬೀಳುವುದು ಬಹುತೇಕ ಇಲ್ಲೇ.

ನಮ್ಮ ಎಸ್‌ಐ ಮತ್ತು ಸಿಬ್ಬಂದಿ ಗುಜರಾತಿನ ಒಂದು ತಾಲೂಕಿಗೆ ಹೋದರು ಎಂದಿಟ್ಟುಕೊಳ್ಳಿ. ಹೊರಡುವ ಮೊದಲು ಮೇಲಧಿಕಾರಿಯ ಪಾಸ್‌ಪೋರ್ಟ್ ಬೇಕು. ವಿದೇಶಕ್ಕೆ ಹೋಗುವ ಪಾಸ್‌ಪೋರ್ಟ್ ಅಲ್ಲ, ಡ್ಯೂಟಿ ಮೇಲೆ ಹೊರಗೆ ಹೋಗುವ ಸಿಬ್ಬಂದಿಗೆ ಕೊಡುವ ಚೀಟಿಗೆ ನಮ್ಮ ಪೊಲೀಸರು ಹಾಗೆ ಅನ್ನುತ್ತಾರೆ. ಅಲ್ಲಿ ಇಳಿದ ಮೇಲೆ ಮೊದಲು ಸ್ಥಳೀಯ ಠಾಣೆಗೆ ಹೋಗಿ, ಬಂದ ಕಾರಣ ಮತ್ತು ಸಮಯ ಅಲ್ಲಿನ ಠಾಣಾ ದಿನಚರಿಯಲ್ಲಿ ಬರೆಸಬೇಕು. ಬಂಧಿಸುವಾಗ ಪೊಲೀಸರ ಎದೆಯ ಮೇಲಿನ ಹೆಸರಿನ ಪಟ್ಟಿ ಕಾಣುವಂತೆ ಇರಬೇಕು. ಅರೆಸ್ಟ್ ಮೆಮೊಗೆ ಮನೆಯವರೊಬ್ಬರ ಅಥವಾ ಊರಿನ ಗಣ್ಯರೊಬ್ಬರ ಸಹಿ, ಆರೋಪಿಯ ಸಹಿ ಎರಡೂ ಬೀಳಬೇಕು. ಯಾಕೆ ಹಿಡಿದಿದ್ದು ಎಂದು ಅವನಿಗೆ ತಿಳಿಸಬೇಕು. ಕನ್ನಡದಲ್ಲಿ ಬರೆದ ಕಾಗದವನ್ನು ಗುಜರಾತಿ ಮಾತ್ರ ಬಲ್ಲ ಡ್ರೈವರ್ ಕೈಗೆ ಕೊಟ್ಟರೆ ತಿಳಿಸಿದಂತೆ ಆಗುತ್ತದೆಯೇ? ಒಳ್ಳೆಯ ಡಿಫೆನ್ಸ್ ವಕೀಲ ಮೊದಲು ಕೇಳುವ ಪ್ರಶ್ನೆಯೇ ಅದು. ನಾನೂ ಆ ಕಡೆ ನಿಂತಾಗ ಅದನ್ನೇ ಕೇಳಿದ್ದೇನೆ.

ಆಮೇಲೆ 24 ಗಂಟೆಯ ಲೆಕ್ಕ. ಬಂಧಿಸಿದ 24 ಗಂಟೆಯೊಳಗೆ ಹತ್ತಿರದ ಮ್ಯಾಜಿಸ್ಟ್ರೇಟ್ ಮುಂದೆ ಹಾಜರು ಮಾಡಬೇಕು ಎಂದು ಸಂವಿಧಾನದ 22ನೇ ವಿಧಿ ಹೇಳುತ್ತದೆ. ಕೋರ್ಟಿಗೆ ಹೋಗುವ ಪ್ರಯಾಣದ ಸಮಯ ಇದರಲ್ಲಿ ಸೇರುವುದಿಲ್ಲ. ಕೆಲವರು ಇದನ್ನೇ ಹಿಡಿದುಕೊಂಡು ‘ಶಿವಮೊಗ್ಗದವರೆಗಿನದ್ದೆಲ್ಲ ಪ್ರಯಾಣವೇ ತಾನೆ’ ಎಂದು ಆರೋಪಿಯನ್ನು ಜೀಪಲ್ಲಿ ಹಾಕಿಕೊಂಡು ನೇರ ಬಂದುಬಿಡುವುದುಂಟು. ಇದು ಅಪಾಯದ ಆಟ. ಸರಿಯಾದ ದಾರಿ ಎಂದರೆ ಅಲ್ಲಿನ ಮ್ಯಾಜಿಸ್ಟ್ರೇಟ್ ಮುಂದೆ ಹಾಜರು ಮಾಡಿ ಟ್ರಾನ್ಸಿಟ್ ರಿಮ್ಯಾಂಡ್, ಅಂದರೆ ಆರೋಪಿಯನ್ನು ಇಲ್ಲಿಗೆ ಕರೆತರುವ ಅನುಮತಿ, ತೆಗೆದುಕೊಳ್ಳುವುದು. ಅವರು ದೂರ ನೋಡಿ ಎರಡೋ ಮೂರೋ ದಿನ ಕೊಡುತ್ತಾರೆ, ಅಷ್ಟರಲ್ಲಿ ಇಲ್ಲಿನ ಕೋರ್ಟಿಗೆ ಒಪ್ಪಿಸಬೇಕು. ಇಲ್ಲೂ ಭಾಷೆಯದ್ದೇ ತಕರಾರು. ನಮ್ಮ ಎಫ್‌ಐಆರ್ ಕನ್ನಡದಲ್ಲಿರುತ್ತದೆ, ಆ ಮ್ಯಾಜಿಸ್ಟ್ರೇಟರಿಗೆ ಕನ್ನಡ ಬರುವುದಿಲ್ಲ. ಹೊರಡುವ ಮೊದಲೇ ಎಫ್‌ಐಆರ್ ಮತ್ತು ಕೇಸ್ ಡೈರಿಯ ಸಾರಾಂಶವನ್ನು ಇಂಗ್ಲಿಷಿಗೆ ಮಾಡಿಸಿಕೊಂಡು ಹೋಗುವ ತನಿಖಾಧಿಕಾರಿ ಅನುಭವಸ್ಥ ಎಂದು ತಿಳಿಯಿರಿ. ಉಳಿದವರು ಅಲ್ಲಿನ ಕೋರ್ಟಿನ ಅಂಗಳದಲ್ಲಿ ಕನ್ನಡ ಬಲ್ಲ ಹೋಟೆಲಿನವರನ್ನು ಹುಡುಕುತ್ತಾ ಅರ್ಧ ದಿನ ಕಳೆಯುತ್ತಾರೆ.

ಆರೋಪಿ ಬೇರೆ ಕೇಸಿನಲ್ಲಿ ಅಲ್ಲೇ ಜೈಲಲ್ಲಿದ್ದರೆ ದಾರಿ ಬೇರೆ. ಆಗ ಇಲ್ಲಿನ ಕೋರ್ಟಿನಿಂದ ಬಾಡಿ ವಾರಂಟ್, ಅಂದರೆ ಜೈಲಿನಿಂದ ಅವನನ್ನು ತಂದು ಇಲ್ಲಿ ಹಾಜರು ಮಾಡುವ ಆದೇಶ, ಮಾಡಿಸಬೇಕು.

ಹಾಗಾದರೆ ಸಿಬಿಐ ಯಾವಾಗ ಬರುತ್ತದೆ? ಎರಡನೇ ಮಹಾಯುದ್ಧದ ಹೊತ್ತಲ್ಲಿ, 1941ರಲ್ಲಿ, ಯುದ್ಧ ಸಾಮಗ್ರಿ ಖರೀದಿಯ ಲಂಚ ಹಿಡಿಯಲು ಒಂದು ವಿಶೇಷ ಪೊಲೀಸ್ ಪಡೆ ಕಟ್ಟಿದರು. ಅದಕ್ಕೆ 1946ರಲ್ಲಿ ದೆಹಲಿ ವಿಶೇಷ ಪೊಲೀಸ್ ಸ್ಥಾಪನಾ ಕಾಯ್ದೆ ಬಂತು. ಸಿಬಿಐ ಎಂಬ ಹೆಸರು ಬಂದಿದ್ದು 1963ರ ಏಪ್ರಿಲ್ 1ರಂದು, ಅದೂ ಸರ್ಕಾರದ ಒಂದು ನಿರ್ಣಯದ ಮೂಲಕ. ಇವತ್ತಿಗೂ ಅವರ ಅಧಿಕಾರ ಆ 1946ರ ಕಾಯ್ದೆಯಿಂದಲೇ. ಅದರ 6ನೇ ಕಲಂ ಪ್ರಕಾರ ರಾಜ್ಯ ಸರ್ಕಾರದ ಒಪ್ಪಿಗೆ ಇಲ್ಲದೆ ಸಿಬಿಐ ಆ ರಾಜ್ಯದಲ್ಲಿ ಕೆಲಸ ಮಾಡುವಂತಿಲ್ಲ. ಕರೆಯದೆ ಬಾಗಿಲಿಗೆ ಬರದ ನೆಂಟ ಅದು. ಮೊದಲು ಕರ್ನಾಟಕ ‘ಸಾಮಾನ್ಯ ಒಪ್ಪಿಗೆ’ ಕೊಟ್ಟಿತ್ತು. 2024ರ ಸೆಪ್ಟೆಂಬರ್ 26ರಂದು ಸಚಿವ ಸಂಪುಟ ಅದನ್ನು ವಾಪಸ್ ಪಡೆಯಿತು. ಈಗ ಒಂದೊಂದು ಪ್ರಕರಣಕ್ಕೂ ಬೇರೆಯಾಗಿ ಕೇಳಬೇಕು. ಇಲ್ಲವೇ ಹೈಕೋರ್ಟ್ ಅಥವಾ ಸುಪ್ರೀಂ ಕೋರ್ಟ್ ಆದೇಶ ಮಾಡಬೇಕು. ಕೋರ್ಟ್ ಹೇಳಿದರೆ ರಾಜ್ಯದ ಒಪ್ಪಿಗೆ ಬೇಡ ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2010ರಲ್ಲಿ ಪಶ್ಚಿಮ ಬಂಗಾಳದ ಪ್ರಕರಣದಲ್ಲಿ ತೀರ್ಪು ಕೊಟ್ಟಿದೆ. ಅದೇ ತೀರ್ಪಿನಲ್ಲಿ, ಈ ಅಧಿಕಾರವನ್ನು ಅಪರೂಪಕ್ಕೆ ಬಳಸಬೇಕು, ಸುಮ್ನೆ ಕೇಳಿದವರಿಗೆಲ್ಲ ಕೊಡಬಾರದು ಅಂತಲೂ ಇದೆ. ಒಂದು ತಮಾಷೆ ನೋಡಿ: 6ನೇ ಕಲಂ ರೈಲ್ವೆ ಪ್ರದೇಶವನ್ನು ಈ ಒಪ್ಪಿಗೆಯಿಂದ ಹೊರಗಿಟ್ಟಿದೆ. ಅಂದರೆ ಶಿವಮೊಗ್ಗ ಟೌನ್ ಸ್ಟೇಷನ್ನಿನ ಪ್ಲಾಟ್‌ಫಾರ್ಮಿಗೂ ಹೊರಗಿನ ಆಟೋ ಸ್ಟ್ಯಾಂಡಿಗೂ ಸಿಬಿಐ ಲೆಕ್ಕದಲ್ಲಿ ವ್ಯತ್ಯಾಸ ಇದೆ.

ರೈಲಿನ ಮಾತು ಬಂತಲ್ಲ, ತಾಳಗುಪ್ಪ ರೈಲಿನಲ್ಲಿ ಬ್ಯಾಗ್ ಕಳುವಾದರೆ ದೂರು ಕೊಡಬೇಕಾದ್ದು ರಾಜ್ಯದ ರೈಲ್ವೆ ಪೊಲೀಸರಿಗೆ. ಕೇಂದ್ರದ ಆರ್‌ಪಿಎಫ್ ಮುಖ್ಯವಾಗಿ ರೈಲ್ವೆಯ ಆಸ್ತಿ ಕಾಯುವ ಪಡೆ.

ಎನ್‌ಐಎ, ಅಂದರೆ ರಾಷ್ಟ್ರೀಯ ತನಿಖಾ ಸಂಸ್ಥೆಯ ಕಥೆಯೇ ಬೇರೆ. ಮುಂಬೈ ದಾಳಿಯ ನಂತರ 2008ರಲ್ಲಿ ಬಂದ ಕಾಯ್ದೆ. ಇವರಿಗೆ ರಾಜ್ಯದ ಒಪ್ಪಿಗೆ ಬೇಕಾಗಿಲ್ಲ. ಆದರೆ ಕಾಯ್ದೆಯ ಅನುಸೂಚಿಯಲ್ಲಿರುವ ಅಪರಾಧ ಮಾತ್ರ ಅವರದ್ದು: ಯುಎಪಿಎ (ಭಯೋತ್ಪಾದನೆ ತಡೆಯುವ ಕಾಯ್ದೆ), ಸ್ಫೋಟಕ, ಖೋಟಾ ನೋಟು, ಮಾನವ ಸಾಗಣೆ, ಸೈಬರ್ ಭಯೋತ್ಪಾದನೆ ಇಂಥವು. ಸ್ಥಳೀಯ ಠಾಣೆಯಲ್ಲಿ ಅಂಥ ಕೇಸು ದಾಖಲಾದರೆ ರಾಜ್ಯ ಸರ್ಕಾರ ಕೇಂದ್ರಕ್ಕೆ ವರದಿ ಕಳಿಸುತ್ತದೆ, ಕೇಂದ್ರ 15 ದಿನದೊಳಗೆ ತೀರ್ಮಾನ ಮಾಡುತ್ತದೆ. ನಮ್ಮೂರಿನವರಿಗೆ ಇದು ಪೇಪರಿನ ವಿಷಯ ಮಾತ್ರ ಅಲ್ಲ. 2022ರ ಫೆಬ್ರುವರಿಯಲ್ಲಿ ಶಿವಮೊಗ್ಗದಲ್ಲಿ ನಡೆದ ಕೊಲೆ ಕೇಸು, ಅದೇ ವರ್ಷ ತುಂಗಾ ದಂಡೆಯಲ್ಲಿ ಪ್ರಾಯೋಗಿಕ ಸ್ಫೋಟ ಮಾಡಿದ ಕೇಸು, ನವೆಂಬರ್ 19ರ ಮಂಗಳೂರಿನ ಕುಕ್ಕರ್ ಸ್ಫೋಟ, ಮೂರೂ ಎನ್‌ಐಎಗೆ ಹೋದವು. ಮೂರರಲ್ಲೂ ಮೊದಲ ಎಫ್‌ಐಆರ್ ಬರೆದಿದ್ದು, ಮೊದಲ ಮಹಜರು ಮಾಡಿದ್ದು ಸ್ಥಳೀಯ ಪೊಲೀಸರೇ. ದೊಡ್ಡ ಸಂಸ್ಥೆ ಆಮೇಲೆ ಎಷ್ಟೇ ಚೆನ್ನಾಗಿ ತನಿಖೆ ಮಾಡಲಿ, ಮೊದಲ ದಿನದ ಮಹಜರಿನಲ್ಲಿ ಬಿಟ್ಟುಹೋದದ್ದನ್ನು ತುಂಬಿಸುವುದು ಬಹಳ ಕಷ್ಟ.

ಸಿಬಿಐ ಹೆಸರಿನ ಮೇಲಿರುವ ಈ ಭಯಭಕ್ತಿಯೇ ಈಗ ಕಳ್ಳರ ಬಂಡವಾಳ. ನಿವೃತ್ತರಾದ ಮೇಷ್ಟ್ರಿಗೆ ವಾಟ್ಸಾಪ್ ವಿಡಿಯೊ ಕಾಲ್ ಬರುತ್ತದೆ. ಆ ಕಡೆ ಯೂನಿಫಾರ್ಮ್, ಹಿಂದೆ ಅಶೋಕ ಸ್ತಂಭ. ‘ನಿಮ್ಮ ಆಧಾರ್ ಮೇಲೆ ಮನಿ ಲಾಂಡರಿಂಗ್ ಕೇಸಿದೆ, ನೀವು ಡಿಜಿಟಲ್ ಅರೆಸ್ಟ್‌ನಲ್ಲಿದ್ದೀರಿ, ಯಾರಿಗೂ ಹೇಳಬೇಡಿ.’ ಕಾನೂನಿನಲ್ಲಿ ಡಿಜಿಟಲ್ ಅರೆಸ್ಟ್ ಅನ್ನುವುದೇ ಇಲ್ಲ. ಆರೋಪಿ ಹಾಜರಾಗಬೇಕೆಂಬ ನಾಗರಿಕ ಸುರಕ್ಷಾ ಸಂಹಿತೆಯ 35ನೇ ಕಲಂನ ನೋಟಿಸನ್ನು ಕೂಡ ವಾಟ್ಸಾಪಿನಲ್ಲಿ ಕಳಿಸಬಾರದು ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲಿ ಹೇಳಿದೆ. ದುಡ್ಡು ಹೋಗಿದ್ದರೆ ತಕ್ಷಣ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ, ಜೊತೆಗೇ ಜಿಲ್ಲೆಯ ಸಿಇಎನ್ (ಸೈಬರ್, ಆರ್ಥಿಕ, ಮಾದಕ ವಸ್ತು ಅಪರಾಧ) ಠಾಣೆಗೆ ಹೋಗಿ. ಇಂಥ ಕೇಸುಗಳನ್ನು ದೇಶದಾದ್ಯಂತ ತನಿಖೆ ಮಾಡುವಂತೆ 2025ರ ಡಿಸೆಂಬರ್ 1ರಂದು ಸುಪ್ರೀಂ ಕೋರ್ಟ್ ಸಿಬಿಐಗೇ ಆದೇಶ ಕೊಟ್ಟಿದೆ. ಅಸಲಿ ಸಿಬಿಐ ಈಗ ನಕಲಿ ಸಿಬಿಐಯನ್ನು ಹುಡುಕುತ್ತಿದೆ.

ಇದರ ಇನ್ನೊಂದು ಮುಖ ಜೋಗದ ಹೋಮ್‌ಸ್ಟೇ ಮಾಲೀಕರಿಗೆ, ತೀರ್ಥಹಳ್ಳಿಯ ಅಂಗಡಿಯವರಿಗೆ ಗೊತ್ತು. ಪ್ರವಾಸಿಯೊಬ್ಬ ಯುಪಿಐನಲ್ಲಿ ಬಾಡಿಗೆ ಕೊಟ್ಟು ಹೋಗುತ್ತಾನೆ. ತಿಂಗಳಾದ ಮೇಲೆ ಖಾತೆಯೇ ಫ್ರೀಜ್. ಬ್ಯಾಂಕಿನಲ್ಲಿ ಕೇಳಿದರೆ, ಯಾವುದೋ ದೂರದ ರಾಜ್ಯದ ಸೈಬರ್ ಠಾಣೆಯ ಹೆಸರು ಹೇಳುತ್ತಾರೆ. ಮೋಸದ ಹಣ ಕೈಯಿಂದ ಕೈಗೆ ಹೋಗುವಾಗ ಇವರ ಖಾತೆಗೂ ಒಂದು ಚೂರು ಬಿದ್ದಿರುತ್ತದೆ. ಎರಡು ಸಾವಿರದ ತಕರಾರಿಗೆ ಎರಡು ಲಕ್ಷ ಹಿಡಿದಿಡುವುದು ಅನ್ಯಾಯ ಅಲ್ವಾ? ತಕರಾರಿನ ಮೊತ್ತವನ್ನಷ್ಟೇ ತಡೆಹಿಡಿಯಿರಿ ಎಂದು ಕೇರಳ ಹೈಕೋರ್ಟ್ 2023ರಲ್ಲೇ ಹೇಳಿತ್ತು. ಬ್ಯಾಂಕಿನಿಂದ ದೂರಿನ ಸಂಖ್ಯೆ, ಠಾಣೆಯ ಹೆಸರು, ತಕರಾರಿನ ಮೊತ್ತ, ಈ ಮೂರನ್ನು ಬರಹದಲ್ಲಿ ತೆಗೆದುಕೊಳ್ಳಿ. ಬುಕಿಂಗ್ ಬಿಲ್ಲಿನ ಪ್ರತಿ ಹಚ್ಚಿ ಆ ಠಾಣೆಗೆ ಇಮೇಲ್ ಮಾಡಿ. ಅದಕ್ಕೆ ಜಗ್ಗದಿದ್ದರೆ ಕೋರ್ಟ್.

ಇನ್ನು, ಹೊರರಾಜ್ಯದ ಪೊಲೀಸರು ನಮ್ಮ ಬಾಗಿಲಿಗೇ ಬಂದರೆ? ಶಿವಮೊಗ್ಗ ಜಿಲ್ಲೆಗೆ ಯಾವ ರಾಜ್ಯದ ಗಡಿಯೂ ತಾಗಿಲ್ಲ. ಹಾಗಿದ್ದೂ ರಾತ್ರಿ ಹೊತ್ತು ಅಪರಿಚಿತ ನಂಬರಿನ ಜೀಪು ಕೇರಿಗೆ ಬಂದ ಕಥೆ ಇಲ್ಲಿ ಹೊಸದಲ್ಲ. ಗುರುತಿನ ಚೀಟಿ ಕೇಳಿ. ಎಫ್‌ಐಆರ್ ನಂಬರ್ ಕೇಳಿ. ‘ಲೋಕಲ್ ಸ್ಟೇಷನ್ನಿಗೆ ಹೇಳಿದ್ದೀರಾ ಸಾರ್?’ ಎಂದು ಮರ್ಯಾದೆಯಿಂದಲೇ ಕೇಳಿ, ನಮ್ಮ ಠಾಣೆಗೆ ಫೋನ್ ಹಚ್ಚಿ. ಹೆಂಗಸರನ್ನು ಸೂರ್ಯ ಮುಳುಗಿದ ಮೇಲೆ, ಹುಟ್ಟುವ ಮೊದಲು ಬಂಧಿಸುವಂತಿಲ್ಲ. ತೀರಾ ಅಪರೂಪಕ್ಕೆ ಬೇಕಾದರೆ ಮ್ಯಾಜಿಸ್ಟ್ರೇಟ್ ಅನುಮತಿ ಪಡೆದು ಮಹಿಳಾ ಅಧಿಕಾರಿಯೇ ಬರಬೇಕು. ಸಾಕ್ಷಿಯಾಗಿ ಕರೆಯುವುದಾದರೆ ಪೊಲೀಸರಿಗೆ ಅಧಿಕಾರ ಇರುವುದು ತಮ್ಮ ಠಾಣೆ ಮತ್ತು ಪಕ್ಕದ ಠಾಣೆಯ ವ್ಯಾಪ್ತಿಯೊಳಗಿನವರ ಮೇಲೆ ಮಾತ್ರ. ಹೆಂಗಸರನ್ನು, 60 ದಾಟಿದ ಗಂಡಸರನ್ನು ಸಾಕ್ಷಿ ಹೇಳಿಕೆಗೆ ಠಾಣೆಗೆ ಕರೆಸುವಂತಿಲ್ಲ, ಮನೆಗೇ ಬಂದು ಕೇಳಬೇಕು.

ಬಂಧನದ ಭಯ ಮೊದಲೇ ಇದ್ದರೆ ರಾಜಸ್ಥಾನಕ್ಕೋ ದೆಹಲಿಗೋ ಓಡಬೇಕಾಗಿಲ್ಲ. 2023ರ ನವೆಂಬರ್ 20ರಂದು ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿತು. ಎಫ್‌ಐಆರ್ ಇದ್ದಿದ್ದು ರಾಜಸ್ಥಾನದಲ್ಲಿ, ನಿರೀಕ್ಷಣಾ ಜಾಮೀನು ಕೊಟ್ಟಿದ್ದು ಬೆಂಗಳೂರಿನ ಕೋರ್ಟ್. ಹೀಗೆ ಬೇರೆ ರಾಜ್ಯದ ಕೇಸಿಗೂ ಇಲ್ಲಿನ ಸೆಷನ್ಸ್ ಕೋರ್ಟ್ ಅಥವಾ ಹೈಕೋರ್ಟ್ ಸೀಮಿತ ಅವಧಿಗೆ ರಕ್ಷಣೆ ಕೊಡಬಹುದು ಎಂದಿತು. ಆದರೆ ಅರ್ಜಿದಾರರಿಗೆ ಈ ಊರಿನ ನಂಟು ಇರಬೇಕು, ಮನೆಯೋ ಕೆಲಸವೋ. ನೇರವಾಗಿ ಅಲ್ಲಿಗೆ ಹೋಗಲು ಯಾಕೆ ಆಗುತ್ತಿಲ್ಲ ಎಂದು ಹೇಳಬೇಕು. ಆ ರಾಜ್ಯದ ತನಿಖಾಧಿಕಾರಿಗೂ ಸರ್ಕಾರಿ ವಕೀಲರಿಗೂ ನೋಟಿಸ್ ಹೋಗಬೇಕು. ಕೋರ್ಟ್ ಕೊಟ್ಟ ಕೆಲವು ದಿನ ಮುಗಿಯುವುದರೊಳಗೆ ಅಲ್ಲಿನ ಕೋರ್ಟಿನಲ್ಲಿ ಖಾಯಂ ಅರ್ಜಿ ಬೀಳಲೇಬೇಕು. ಹಾಗಾಗಿ ಇಲ್ಲಿ ಆದೇಶ ಸಿಕ್ಕ ದಿನವೇ ಆ ಊರಿನ ವಕೀಲರೊಬ್ಬರಿಗೆ ವಕಾಲತ್ತು ಸಹಿ ಮಾಡಿ ಸ್ಪೀಡ್ ಪೋಸ್ಟ್ ಮಾಡಿ.