ಮೊದಲ 'ಇಲ್ಲ' ಹೇಳಿದ ಮೇಲೆ ಏನಾಗುತ್ತದೆ?

ಆಪ್ತಸಮಾಲೋಚನೆಗೆ ಬರುವ ಕೆಲವು ಜೋಡಿಗಳಲ್ಲಿ, ನಾನು ಒಬ್ಬರನ್ನು ಕೇಳಿದರೆ ಉತ್ತರ ಇನ್ನೊಬ್ಬರಿಂದ ಬರುತ್ತದೆ. ಮನೆಯಲ್ಲೂ ಅವರದೇ ದರ್ಪ. ಸುಮ್ಮನೆ ಕೂತವರು ಹೆಂಡತಿಯೇ ಆಗಿರಬೇಕೆಂದಿಲ್ಲ, ಗಂಡಂದಿರೂ ಇರುತ್ತಾರೆ. ಒಬ್ಬರನ್ನೇ ಕೂರಿಸಿ ಮಾತಾಡಿಸಿದಾಗ "ಸುಮ್ನೆ ಯಾಕೆ ಜಗಳ ಅಂತ ಬಿಟ್ಟುಬಿಡ್ತೀನಿ" ಅನ್ನುತ್ತಾರೆ.

ಆಗ ನಾನು ಮೊದಲು ಕೇಳುವುದು ಒಂದೇ: "ನೀವು ಒಪ್ಪದಿದ್ದರೆ ಏನಾಗುತ್ತೆ?" ಮುನಿಸು, ಕೂಗಾಟ ಅಂದರೆ ಮುಂದೆ ಹೇಳುವುದೆಲ್ಲ ಅವರಿಗೆ. ಹೊಡೆತ, ಬೆದರಿಕೆ, ದುಡ್ಡು ಫೋನು ಕಸಿದುಕೊಳ್ಳುವುದು ಇದ್ದರೆ ಇದು ಧೈರ್ಯದ ಪ್ರಶ್ನೆಯೇ ಅಲ್ಲ. ಇಂಥ ಹಿಡಿತವನ್ನು ಇಂಗ್ಲೆಂಡ್ 2015ರ ಕಾಯ್ದೆಯಲ್ಲಿ ಅಪರಾಧ ಎಂದೇ ಪರಿಗಣಿಸಿದೆ. ಅಲ್ಲಿ ಎದುರು ಮಾತಾಡುವ ಅಭ್ಯಾಸ ಬೇಡ. ಮೊದಲು ಸುರಕ್ಷಿತ ಜಾಗ, ನಂಬುವ ಒಬ್ಬರು, ಆಮೇಲೆ ಮಿಕ್ಕಿದ್ದು.

ಉಳಿದವರು ಮಾಡುವ ತಪ್ಪೇನೆಂದರೆ, ವರ್ಷಗಳಿಂದ ನುಂಗಿದ್ದನ್ನೆಲ್ಲ ಒಂದೇ ದಿನ ಕಕ್ಕುವುದು. ಆಗ ವಿಷಯ ಮರೆತುಹೋಗಿ ನಿಮ್ಮ ಸಿಟ್ಟೇ ಚರ್ಚೆಗೆ ಬರುತ್ತದೆ. ಅದಕ್ಕಿಂತ ಒಂದು ಚಿಕ್ಕ ವಿಷಯ ಹಿಡಿಯಿರಿ. "ಈ ಭಾನುವಾರ ನಾನು ಬರಲ್ಲ, ಮನೆಯಲ್ಲೇ ಇರ್ತೀನಿ." ಅಷ್ಟೇ. ಕಾರಣಗಳ ಪಟ್ಟಿ ಬೇಡ. ಕೊಟ್ಟ ಒಂದೊಂದು ಕಾರಣಕ್ಕೂ ಒಂದೊಂದು ವಾದ ಹುಟ್ಟುತ್ತದೆ.

ಇದಾದ ಮೇಲೆ ಪರಿಸ್ಥಿತಿ ಕೆಡುವುದೇ ಜಾಸ್ತಿ. ಈವರೆಗೆ ಸಂಗಾತಿ ದನಿ ಏರಿಸಿದರೆ ಸಾಕಿತ್ತು, ಈಗ ಸಾಲುತ್ತಿಲ್ಲ. ಹಾಗಾಗಿ ಇನ್ನೂ ಜೋರಾಗಿ ಕೂಗಾಟ, ಆಮೇಲೆ ಮಾತು ಬಿಡುವುದು, ನೆಂಟರ ಹತ್ತಿರ ದೂರು. ಮನಶ್ಶಾಸ್ತ್ರದಲ್ಲಿ ಇದಕ್ಕೆ 'ಎಕ್ಸ್‌ಟಿಂಕ್ಷನ್ ಬರ್ಸ್ಟ್' ಎನ್ನುತ್ತಾರೆ. ಹಳೆಯ ವರ್ತನೆ ಫಲ ಕೊಡದಾದಾಗ ಅದು ಕಡಿಮೆಯಾಗುವ ಮುಂಚೆ ಒಮ್ಮೆ ಏರುತ್ತದೆ. ನನ್ನ ಹತ್ತಿರ ಬಂದವರಲ್ಲಿ ಬಹಳಷ್ಟು ಜನ ಸೋತದ್ದು ಇಲ್ಲೇ. ಮೂರನೇ ದಿನ ನೀವು ಬಗ್ಗಿದರೆ, ಮೂರು ದಿನ ಮುನಿಸಿಕೊಂಡರೆ ಕೆಲಸ ಆಗುತ್ತದೆ ಎಂದು ಅವರಿಗೆ ನೀವೇ ಕಲಿಸಿದಂತೆ. ಯಾವಾಗಲಾದರೊಮ್ಮೆ ಫಲ ಸಿಗುವ ವರ್ತನೆ ಬೇಗ ಹೋಗುವುದಿಲ್ಲ ಎಂಬುದು ಮನಶ್ಶಾಸ್ತ್ರಜ್ಞ ಬಿ. ಎಫ್. ಸ್ಕಿನ್ನರ್ ಅವರ ಪ್ರಾಣಿ ಪ್ರಯೋಗಗಳಲ್ಲೇ ಕಂಡದ್ದು. ಅದಕ್ಕೇ, ಉಳಿಸಿಕೊಳ್ಳಲಾಗದ 'ಇಲ್ಲ'ವನ್ನು ಹೇಳಲೇಬೇಡಿ.

ಎದೆ ಡವಡವ ಹೊಡೆದುಕೊಂಡರೆ ಮಾತು ನಿಲ್ಲಿಸಿ. ದಂಪತಿಗಳ ಜಗಳವನ್ನೇ ಅಧ್ಯಯನ ಮಾಡಿದ ಜಾನ್ ಗಾಟ್‌ಮನ್ ಪ್ರಕಾರ, ನಾಡಿಬಡಿತ ನಿಮಿಷಕ್ಕೆ 100 ದಾಟಿದರೆ ಕೇಳಿಸಿಕೊಳ್ಳುವ ಶಕ್ತಿಯೇ ಕುಗ್ಗುತ್ತದೆ. ಶಾಂತವಾಗಲು ಕನಿಷ್ಠ 20 ನಿಮಿಷ ಬೇಕು. "ಅರ್ಧ ಗಂಟೆ ಬಿಟ್ಟು ಮಾತಾಡೋಣ" ಅನ್ನಿ. ಹೇಳಿದ ಹೊತ್ತಿಗೆ ನೀವೇ ವಾಪಸ್ ಬನ್ನಿ, ಇಲ್ಲದಿದ್ದರೆ ಅದು ಓಡಿಹೋದಂತೆ ಕಾಣುತ್ತದೆ.

ದರ್ಪ ತೋರುವವರೂ ಇದನ್ನು ಓದುತ್ತಿರಬಹುದು, ಅಲ್ವಾ? ನಿಮ್ಮಲ್ಲಿ ಕೆಲವರು ಎಲ್ಲವನ್ನೂ ಒಬ್ಬರೇ ನಿರ್ಧರಿಸಿ ದಣಿದಿದ್ದೀರಿ, ಅದು ನನಗೆ ಕಾಣುತ್ತದೆ. "ನಿನಗೇನು ಅನ್ನಿಸುತ್ತೆ?" ಎಂದು ಕೇಳಿ. ಕೇಳಿದ ಮೇಲೆ ಕಾಯಿರಿ. ಇಷ್ಟು ವರ್ಷ ಯಾರೂ ಕೇಳದವರಿಗೆ ಉತ್ತರ ಹೊಳೆಯಲು ಸ್ವಲ್ಪ ಹೊತ್ತು ಹಿಡಿಯುತ್ತದೆ.