ಧ್ವನಿಮುದ್ರಣವಿದ್ದ ಮೇಲೆ ಸ್ವರಲಿಪಿಯ ಹಾಳೆ ಏಕೆ ಬೇಕು?

ಪ್ರಶ್ನೆ: 1940–50ರ ದಶಕಗಳ ಅಮೆರಿಕದ ಜಾಝ್ ಮತ್ತು ಸಿನಿಮಾ ಹಾಡುಗಳ ಮೂಲ ಧ್ವನಿಮುದ್ರಣಗಳು ಇಂದು ಸುಲಭವಾಗಿ ಸಿಗುತ್ತವೆ. ಹೀಗಿದ್ದೂ ಕೆಲವು ಸಂಗೀತಗಾರರು ಆ ಕಾಲದ ಅರೇಂಜ್‌ಮೆಂಟ್‌ಗಳನ್ನು (ಹಾಡಿನಲ್ಲಿ ಯಾವ ವಾದ್ಯ ಏನು ನುಡಿಸಬೇಕೆಂಬ ಬರಹಗಳನ್ನು) ಹುಡುಕಿ, ತಿದ್ದಿ, ಮತ್ತೆ ಬರೆದಿಡುತ್ತಿರುವುದೇಕೆ?

ಉತ್ತರ: ಧ್ವನಿಮುದ್ರಣವನ್ನು ನಾವು ಕೇಳಬಹುದು, ಆದರೆ ವಾದ್ಯವೃಂದವೊಂದು ಆ ಹಾಡನ್ನು ಮತ್ತೆ ನುಡಿಸಬೇಕಾದರೆ ಪ್ರತಿಯೊಬ್ಬ ವಾದಕನ ಮುಂದೆಯೂ ಅವನ ಪಾಲಿನ ಸ್ವರಗಳಿರುವ ಹಾಳೆ ಇರಬೇಕು. ಆ ಕಾಲದ ದೊಡ್ಡ ಜಾಝ್ ವಾದ್ಯವೃಂದವಾದ ಬಿಗ್ ಬ್ಯಾಂಡ್ ಎಂದರೆ ಸಾಮಾನ್ಯವಾಗಿ ಐದು ಸ್ಯಾಕ್ಸೊಫೋನ್, ಏಳೆಂಟು ಟ್ರಂಪೆಟ್ ಮತ್ತು ಟ್ರಾಂಬೋನ್, ಜೊತೆಗೆ ಪಿಯಾನೊ, ಗಿಟಾರ್, ಬಾಸ್, ಡ್ರಮ್ಸ್. ಹಾಡಿನ ಧಾಟಿ ಸಂಯೋಜಕರದ್ದಾದರೂ, ಆ ಧಾಟಿಯ ಕೆಳಗೆ ಮೂರನೆಯ ಟ್ರಂಪೆಟ್ ಯಾವ ಸ್ವರ ಹಿಡಿಯಬೇಕು ಎಂಬುದು ಅರೇಂಜರ್‌ನ ನಿರ್ಧಾರ. ಹಳೆಯ ಧ್ವನಿಮುದ್ರಣಗಳಲ್ಲಿ ಮೇಲಿನ ಸ್ವರ ಮತ್ತು ತಳದ ಬಾಸ್ ಹೇಗೋ ಕಿವಿಗೆ ಸಿಗುತ್ತವೆ, ನಡುವಿನ ಸ್ವರಗಳು ಒಂದರಲ್ಲೊಂದು ಬೆರೆತುಹೋಗುತ್ತವೆ. ಬ್ಯಾಂಡಿನ ನಾದಕ್ಕೆ ಅದರದೇ ಗುರುತು ಕೊಡುವುದು ಬಹುಮಟ್ಟಿಗೆ ಈ ನಡುವಿನ ಸ್ವರಗಳೇ.

ಹಾಳೆ ಕಳೆದರೆ ಏನಾಗುತ್ತದೆ ಎಂಬುದಕ್ಕೆ ಹಾಲಿವುಡ್‌ನ ಎಂಜಿಎಂ ಸ್ಟುಡಿಯೊಗಿಂತ ನೋವಿನ ಉದಾಹರಣೆ ಇಲ್ಲ. 1970ರ ಸುಮಾರಿಗೆ, ಇರಿಸಲು ಜಾಗವಿಲ್ಲವೆಂದು ಆ ಸ್ಟುಡಿಯೊ ತನ್ನ ಸಂಗೀತ ಚಿತ್ರಗಳ ಪೂರ್ಣ ಸ್ವರಲಿಪಿಗಳನ್ನೂ ವಾದಕರ ಹಾಳೆಗಳನ್ನೂ ಕಸದ ಗುಂಡಿಗೆ ಸೇರಿಸಿತು. ಕಾನ್ರಾಡ್ ಸ್ಯಾಲಿಂಜರ್‌ನಂಥ ಅಪ್ರತಿಮ ಅರೇಂಜರ್‌ನ ಕೆಲಸವೂ ಅದರಲ್ಲೇ ಹೋಯಿತು. ಬ್ರಿಟಿಷ್ ವಾದ್ಯವೃಂದ ನಿರ್ದೇಶಕ (ಕಂಡಕ್ಟರ್) ಜಾನ್ ವಿಲ್ಸನ್ ಅವರು ಉಳಿದಿದ್ದ ಸಂಕ್ಷಿಪ್ತ ಪಿಯಾನೊ ಪ್ರತಿಗಳನ್ನು ಆಧಾರವಾಗಿಟ್ಟುಕೊಂಡು, ಚಿತ್ರಗಳ ಧ್ವನಿಪಥವನ್ನು ಮತ್ತೆ ಮತ್ತೆ ಕೇಳುತ್ತಾ, ಆ ಸ್ವರಲಿಪಿಗಳನ್ನು ಹಲವು ವರ್ಷ ಕುಳಿತು ಪುನಃ ಬರೆದರು. ನಟರ ಮಾತು, ಹೆಜ್ಜೆಯ ಸದ್ದುಗಳ ಅಡಿಯಲ್ಲಿ ಹುದುಗಿರುವ ಕೆಲವೇ ಕ್ಷಣಗಳ ಪಿಟೀಲು ಓಟದಲ್ಲಿ, ಜೊತೆಗೆ ಕೊಳಲಿದೆಯೋ ಕ್ಲಾರಿನೆಟ್ ಇದೆಯೋ ಎಂದು ಕಿವಿಯಿಂದಲೇ ತೀರ್ಮಾನಿಸುವ ಕೆಲಸವದು. 2009ರಲ್ಲಿ ಲಂಡನ್ನಿನ ಪ್ರಾಮ್ಸ್ ಉತ್ಸವದಲ್ಲಿ ಅವರ ವಾದ್ಯವೃಂದ ಆ ಸಂಗೀತವನ್ನು ಸಭಿಕರೆದುರು ನುಡಿಸಿತು.

ಹಾಳೆ ಉಳಿದಲ್ಲಿ ಧ್ವನಿಮುದ್ರಣ ಹೇಳದ ಸಂಗತಿಗಳೂ ತಿಳಿಯುತ್ತವೆ. 1988ರಲ್ಲಿ ಅಮೆರಿಕದ ವಸ್ತುಸಂಗ್ರಹಾಲಯಗಳನ್ನು ನಡೆಸುವ ಸ್ಮಿತ್ಸೋನಿಯನ್ ಸಂಸ್ಥೆ ಪಡೆದ, ಜಾಝ್ ಸಂಯೋಜಕ ಹಾಗೂ ಬ್ಯಾಂಡ್ ನಾಯಕ ಡ್ಯೂಕ್ ಎಲಿಂಗ್ಟನ್‌ನ ಸಂಗ್ರಹದ ಅನೇಕ ಹಾಳೆಗಳ ತಲೆಯಲ್ಲಿ ವಾದ್ಯದ ಹೆಸರಿನ ಬದಲು ವಾದಕನ ಅಡ್ಡಹೆಸರಿದೆ: ಜಾನಿ ಹಾಡ್ಜಸ್‌ಗೆ ‘ರ್‍ಯಾಬ್’, ವಿಲಿಯಮ್ಸ್‌ಗೆ ‘ಕೂಟಿ’. ಎಲಿಂಗ್ಟನ್ ಬರೆಯುತ್ತಿದ್ದುದು ಇಂಥ ವಾದಕನ ಉಸಿರಿಗೆ, ಇಂಥವನ ನಾದಕ್ಕೆ ಎಂಬುದಕ್ಕೆ ಇದಕ್ಕಿಂತ ಗಟ್ಟಿ ಸಾಕ್ಷ್ಯ ಬೇಕಿಲ್ಲ.

ಆದರೆ ಹಾಳೆಯೊಂದನ್ನೇ ನಂಬುವಂತೆಯೂ ಇಲ್ಲ. ಎಲಿಂಗ್ಟನ್ ತಾಲೀಮಿನಲ್ಲಿ ಬಾಯಿಮಾತಿನಲ್ಲೇ ಭಾಗಗಳನ್ನು ಹಿಂದುಮುಂದು ಮಾಡುತ್ತಿದ್ದುದರಿಂದ ಬರೆದದ್ದಕ್ಕೂ ಧ್ವನಿಮುದ್ರಣಕ್ಕೂ ಎಷ್ಟೋ ಕಡೆ ತಾಳೆಯಾಗುವುದಿಲ್ಲ. ಅರೇಂಜರ್ ಡೇವಿಡ್ ಬರ್ಜರ್‌ರಂಥವರು ಎಲಿಂಗ್ಟನ್ ಕೃತಿಗಳನ್ನು ಧ್ವನಿಮುದ್ರಣದಿಂದ ಸ್ವರ ಸ್ವರವಾಗಿ ಕೇಳಿ ಬರೆದುಕೊಟ್ಟರು. 1990ರ ದಶಕದಿಂದ ನ್ಯೂಯಾರ್ಕಿನ ‘ಜಾಝ್ ಅಟ್ ಲಿಂಕನ್ ಸೆಂಟರ್’ ಸಂಸ್ಥೆ ಅಂಥ ಸ್ವರಲಿಪಿಗಳನ್ನು ಪ್ರೌಢಶಾಲೆಗಳ ಬ್ಯಾಂಡ್‌ಗಳಿಗೆ ಉಚಿತವಾಗಿ ಕಳುಹಿಸುತ್ತಿದೆ. ಎಲಿಂಗ್ಟನ್ ಬ್ಯಾಂಡನ್ನು ಕಣ್ಣಾರೆ ಕಾಣದ ಮಕ್ಕಳು ಇಂದು ಮೂರನೆಯ ಟ್ರಂಪೆಟ್ಟಿನ ಆ ಸ್ವರವನ್ನು ತಾವೇ ಊದುತ್ತಿರುವುದು ಈ ದುಡಿಮೆಯಿಂದ.