ಟೈಟಲ್ ಕೊನೆಯ ಪ್ರಶ್ನಾರ್ಥಕ ಚಿಹ್ನೆ

ಯೂಟ್ಯೂಬ್ ಚಾನೆಲ್‌ಗಳಿಗೆ ಟೈಟಲ್, ಥಂಬ್‌ನೇಲ್ (ವಿಡಿಯೊ ಒತ್ತುವ ಮೊದಲು ಕಾಣುವ ಚಿತ್ರ) ತಿದ್ದಿಕೊಡುವುದು ನನ್ನ ಕೆಲಸ. ಒಮ್ಮೆ ಮಲೆನಾಡಿನ ಕೃಷಿ ಚಾನೆಲ್ ಒಂದರವರು ಬಂದರು. ಅವರ ಒಂದು ವಿಡಿಯೊ ಚೆನ್ನಾಗಿ ಓಡಿತ್ತು, ಆಮೇಲಿನವೆಲ್ಲ ಮಲಗಿಬಿಟ್ಟಿದ್ದವು. ಓಡಿದ್ದರ ಟೈಟಲ್: ‘ಅಡಿಕೆ ಎಲೆಚುಕ್ಕಿ ರೋಗಕ್ಕೆ ಕೊನೆಗೂ ಸಿಕ್ತು ಮದ್ದು?’

ಆ ಪ್ರಶ್ನಾರ್ಥಕ ಚಿಹ್ನೆ ನೋಡಿ. ನಮ್ಮ ಕಸುಬಿನಲ್ಲಿ ಅದು ನಿರೀಕ್ಷಣಾ ಜಾಮೀನು. ಡ್ಯಾಂ ಒಡೆಯುತ್ತಾ? ಗೃಹಲಕ್ಷ್ಮಿ ಹಣ ಬಂದ್? ಖ್ಯಾತ ನಟ ಇನ್ನಿಲ್ಲ? ‘ನಾವು ಕೇಳಿದ್ದಷ್ಟೇ, ಹೇಳಿಲ್ವಲ್ಲ’ ಅಂತ ಜಾರಿಕೊಳ್ಳಬಹುದು. ನಾನೂ ಹಿಂದೆ ಇಂಥವನ್ನು ಬರೆದುಕೊಟ್ಟಿದ್ದೇನೆ, ಸುಳ್ಳು ಯಾಕೆ ಹೇಳಲಿ. ಹೀಗೆ ಬರೆದು ಕ್ಲಿಕ್ ಗಿಟ್ಟಿಸುವ ಆಸೆ ಹುಟ್ಟುವುದು ಸಹಜ. ಥಂಬ್‌ನೇಲ್ ನೂರು ಸಲ ಕಣ್ಣಿಗೆ ಬಿದ್ದರೆ ಎರಡರಿಂದ ಹತ್ತು ಸಲ ಕ್ಲಿಕ್ ಆಗುತ್ತದೆ. ಅರ್ಧದಷ್ಟು ಚಾನೆಲ್‌ಗಳ ಲೆಕ್ಕ ಇಷ್ಟೇ ಅಂತ ಯೂಟ್ಯೂಬೇ ಹೇಳುತ್ತದೆ.

ಅವರ ರಿಟೆನ್ಷನ್ ಗ್ರಾಫ್ ತೆಗೆದೆ. ಯಾವ ಸೆಕೆಂಡಿನಲ್ಲಿ ಎಷ್ಟು ಜನ ನೋಡುತ್ತಿದ್ದರು ಅಂತ ತೋರಿಸುವ ಗೆರೆ ಅದು. ಶುರುವಿನಲ್ಲಿ ಒಂದಷ್ಟು ಜನ ಎದ್ದು ಹೋಗುವುದು ಎಲ್ಲ ಕಡೆ ಇದ್ದದ್ದೇ. ಇಲ್ಲಿ ಗೆರೆ ಕುಸಿದ ಮೇಲೆ ನಡುವೆ ಎರಡು ಸಣ್ಣ ದಿಬ್ಬಗಳಿದ್ದವು. ಜನ ವಿಡಿಯೊ ಮುಂದೆ ಓಡಿಸಿ ಮದ್ದಿನ ಹೆಸರು ಹುಡುಕಿದ್ದರು. ಹೆಸರು ಇದ್ದರೆ ತಾನೇ ಸಿಗೋದು!

ಬೇಜಾರಿನ ಸಂಗತಿ ಅಂದರೆ ವಿಡಿಯೊ ಚೆನ್ನಾಗಿತ್ತು. ಒಂದೇ ಏಟಿಗೆ ವಾಸಿ ಮಾಡುವ ಮದ್ದಿಲ್ಲ, ರೋಗ ಬಂದ ಸೋಗೆ ತೆಗೆಯಿರಿ, ಹೊತ್ತಿಗೆ ಸರಿಯಾಗಿ ಸಿಂಪಡಿಸಿ ಅಂತ ತಜ್ಞರು ಬಿಡಿಸಿ ಹೇಳಿದ್ದರು. ಟೈಟಲ್ ಆ ನಿಜವನ್ನೇ ಕೇಳದ ಹಾಗೆ ಮಾಡಿತ್ತು.

2012ರಿಂದಲೇ ಯೂಟ್ಯೂಬ್ ಬರೀ ವ್ಯೂಸ್‌ಗಿಂತ ನೋಡಿದ ಸಮಯಕ್ಕೆ ಜಾಸ್ತಿ ಬೆಲೆ ಕೊಡುತ್ತಿದೆ. ಟೈಟಲ್‌ನಲ್ಲಿ ಹೇಳಿದ್ದು ಒಳಗೆ ಇಲ್ಲದ ವಿಡಿಯೊಗಳನ್ನು, ಅದರಲ್ಲೂ ಸುದ್ದಿಯವನ್ನು, ಭಾರತದಲ್ಲಿ ತೆಗೆದುಹಾಕುವುದಾಗಿ 2024ರ ಡಿಸೆಂಬರ್‌ನಲ್ಲಿ ಹೇಳಿತು. ಆದರೆ 2021ರಿಂದ ಡಿಸ್‌ಲೈಕ್ ಸಂಖ್ಯೆ ನೋಡುಗರಿಗೆ ಕಾಣುವುದಿಲ್ಲ. ಹಾಗಾಗಿ ಮೋಸಹೋದವರು ಸುಮ್ನೆ ಹೋಗಿಬಿಡುತ್ತಾರೆ. ನಿಮ್ಮ ಮುಂದಿನ ವಿಡಿಯೊ ಎದುರಿಗೆ ಬಂದರೂ ಬೆರಳು ಅತ್ತ ಹೋಗುವುದಿಲ್ಲ.

ಹಳೆ ಟೈಟಲ್ ತೆಗೆಸಿ ‘ಎಲೆಚುಕ್ಕಿಗೆ ಒಂದೇ ಮದ್ದಿಲ್ಲ: ಮಳೆಗೆ ಮೊದಲು ತೋಟದಲ್ಲಿ ಮಾಡುವ ಕೆಲಸ’ ಎಂದು ಹಾಕಿಸಿದೆ.

‘ಇದನ್ನ ಯಾರು ಒತ್ತುತ್ತಾರೆ ಸಾರ್?’ ಅಂದರು.

ನಿಜ, ಹೆಚ್ಚು ಜನ ಒತ್ತಲಿಲ್ಲ. ಆದರೆ ಬೈಗುಳವೇ ತುಂಬಿದ್ದ ಕಾಮೆಂಟುಗಳ ಕೆಳಗೆ ಒಬ್ಬರು ಕೇಳಿದ್ದರು: ‘ತೆಗೆದ ಸೋಗೆ ಸುಡಬೇಕಾ, ಹೂಳಿದರೆ ಸಾಕಾ?’